ಸಮ್ಮತಿಯ ಸಹಿ ಮತ್ತು ಸತ್ಯಾಣುವ್ರತ

ವಿವಾಹವು ಗೃಹಸ್ಥಧರ್ಮದ ಆಧಾರ. ಅದು ಮುರಿಯದಿರಲೆಂದು ಹಿರಿಯರು ಕೊನೆಯವರೆಗೂ ಪ್ರಯತ್ನಿಸುವುದು ಉಚಿತವೇ. ಆದರೆ ಪ್ರಯತ್ನಗಳೆಲ್ಲ ಮುಗಿದ ಮೇಲೆ ಬಿಡುಗಡೆಯನ್ನು ಯಾವ ರೀತಿಯಲ್ಲಿ ಪಡೆಯಬೇಕೆಂಬುದೂ ಧರ್ಮದ ಪ್ರಶ್ನೆಯೇ ಆಗಿದೆ. ಪಂಚರು ಕುಳಿತು ಛಾಪಾ ಕಾಗದದ ಮೇಲೆ ಸೋಡಚೀಟಿ ಬರೆಸಿದರೆ ಸಂಬಂಧ ಹರಿಯಿತೆಂದು ನಂಬುವವರು ಹುನಗುಂದ, ಇಳಕಲ್ಲ ಸೀಮೆಯಲ್ಲಿ ಇನ್ನೂ ಉಂಟು. 1955ರ ಹಿಂದೂ ವಿವಾಹ ಕಾಯ್ದೆಯು ರೂಢಿಗತ ವಿಚ್ಛೇದನವನ್ನು ಉಳಿಸಿರುವುದು ನಿಜ. ಆದರೆ ಅಂಥ ರೂಢಿ ತಮ್ಮಲ್ಲಿ ಇತ್ತೆಂದು ಸಿದ್ಧಪಡಿಸುವ ಹೊಣೆ ಹಾಗೆಂದು ಹೇಳುವವರದೇ. ಅದು ಸಿದ್ಧವಾಗದಿದ್ದರೆ, ಆ ಕಾಗದವನ್ನು ನಂಬಿ ಆದ ಮರುಮದುವೆ ಅಸಿಂಧುವಾಗುತ್ತದೆ.

2014ರ ಜನವರಿಯಲ್ಲಿ ಜೈನರಿಗೆ ರಾಷ್ಟ್ರಮಟ್ಟದ ಅಲ್ಪಸಂಖ್ಯಾತ ಮಾನ್ಯತೆ ದೊರೆಯಿತು. ಆ ಮೇಲೆ ಈ ಕಾಯ್ದೆ ಜೈನರಿಗೆ ಅನ್ವಯಿಸದೆಂಬ ವಾದವೂ ಹುಟ್ಟಿಕೊಂಡಿತು. 2025ರ ಫೆಬ್ರವರಿಯಲ್ಲಿ ಇಂದೂರಿನ ಕುಟುಂಬ ನ್ಯಾಯಾಲಯವು ಜೈನ ದಂಪತಿಗಳ ಪರಸ್ಪರ ಸಮ್ಮತಿಯ ಅರ್ಜಿಯನ್ನು ಇದೇ ಕಾರಣಕ್ಕೆ ತಳ್ಳಿಹಾಕಿತು; ಮಾರ್ಚ್‌ನಲ್ಲಿ ಮಧ್ಯಪ್ರದೇಶದ ಉಚ್ಚ ನ್ಯಾಯಾಲಯವು ಆ ಆದೇಶವನ್ನು ರದ್ದುಪಡಿಸಿತು. ಕಾಯ್ದೆಯ 2ನೆಯ ಕಲಮಿನಲ್ಲಿ ಜೈನರ ಹೆಸರು ಸ್ಪಷ್ಟವಾಗಿಯೇ ಇದೆ. ಧರ್ಮದ ಸ್ವತಂತ್ರತೆ ಬೇರೆ, ಕಾಯ್ದೆಯ ವ್ಯಾಪ್ತಿ ಬೇರೆ. ಇವೆರಡನ್ನೂ ಬೆರೆಸುವ ಭಾಷಣ ಸಭೆಯಲ್ಲಿ ಚಪ್ಪಾಳೆ ತಂದೀತು, ನೊಂದವರಿಗೆ ಪರಿಹಾರ ತರದು.

1976ರಲ್ಲಿ ಸೇರಿದ 13-ಬಿ ಕಲಮಿನಂತೆ ಪತಿ ಪತ್ನಿಯರಿಬ್ಬರೂ ಕೂಡಿ ಅರ್ಜಿ ಸಲ್ಲಿಸಬೇಕು. ಮದುವೆ ಹುನಗುಂದದಲ್ಲಿ ಆಗಿದ್ದರೆ ಆ ವ್ಯಾಪ್ತಿಯ ನ್ಯಾಯಾಲಯದಲ್ಲಿಯೇ ಸಲ್ಲಿಸಬಹುದು. ಅರ್ಜಿಗೆ ಮುನ್ನ ಒಂದು ವರ್ಷ ಪ್ರತ್ಯೇಕವಾಗಿ ಬಾಳಿರಬೇಕು. ಬಳಿಕ 6 ತಿಂಗಳು ಕಳೆದ ಮೇಲೆ, 18 ತಿಂಗಳೊಳಗೆ, ಇಬ್ಬರೂ ಮತ್ತೊಮ್ಮೆ ಕೋರಬೇಕು. ಕೂಡಿ ಬಾಳುವ ಆಸೆಯೇ ಇಲ್ಲದೆ, ಜೀವನಾಂಶ ಹಾಗೂ ಮಕ್ಕಳ ಪಾಲನೆಯ ವಿಷಯ ಇತ್ಯರ್ಥವಾಗಿದ್ದರೆ ಆ 6 ತಿಂಗಳ ಕಾಲವನ್ನು ಮನ್ನಾ ಮಾಡಬಹುದೆಂದು ಸರ್ವೋಚ್ಚ ನ್ಯಾಯಾಲಯವು 2017ರಲ್ಲಿ ಹೇಳಿತು.

ಅವಸರದ ಜನ ಎಡವುವುದು ಆ ಒಂದು ವರ್ಷದಲ್ಲಿ. ಮೂರು ತಿಂಗಳ ಹಿಂದೆ ತವರಿಗೆ ಬಂದವಳನ್ನು ವರ್ಷದ ಹಿಂದೆಯೇ ಬಂದಳೆಂದು ಬರೆಸುತ್ತಾರೆ. ಇಬ್ಬರೂ ಒಪ್ಪಿರುವಾಗ ಯಾರಿಗೆ ನಷ್ಟವೆನ್ನುತ್ತಾರೆ. ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯವು ಸತ್ಯಾಣುವ್ರತದ ಐದು ಅತಿಚಾರಗಳಲ್ಲಿ ಕೂಟಲೇಖಕ್ರಿಯೆಯನ್ನು ಎಣಿಸಿದೆ. ಸುಳ್ಳು ತಾರೀಖಿನ ಪ್ರಮಾಣಪತ್ರ ಅದಲ್ಲದೆ ಮತ್ತೇನು?

ಅದೇ ಸೂತ್ರದಲ್ಲಿ ನ್ಯಾಸಾಪಹಾರವೂ ಇದೆ, ಎಂದರೆ ನಂಬಿ ಇಟ್ಟ ಒಡವೆಯನ್ನು ಅಪಹರಿಸುವುದು. ಸ್ತ್ರೀಧನವು ಹೆಂಡತಿಯದೇ ಸ್ವತ್ತೆಂದು ಸರ್ವೋಚ್ಚ ನ್ಯಾಯಾಲಯವು 1985ರಲ್ಲಿ ತೀರ್ಪಿತ್ತಿತು. ಹಾಗಿರಲು ಸಹಿ ಮಾಡಿದರೆ ಮಾತ್ರ ಬಂಗಾರ ಕೊಡುವೆವೆಂಬ ಸೊಸೆಯ ಮನೆಯವರೊಡನೆಯ ವ್ಯವಹಾರವು, ಠೇವಣಿ ಕೇಳಲು ಬಂದ ಗಿರಾಕಿಗೆ ಹೊಸ ಕರಾರು ಹಾಕಿದಂತೆ. ಹಾಗೆ ಪಡೆದ ಸಹಿಯನ್ನು ಸಮ್ಮತಿ ಎನ್ನಲಾಗದು. ಬಲಾತ್ಕಾರ, ವಂಚನೆ ಇಲ್ಲವೆಂದು ನ್ಯಾಯಾಧೀಶರಿಗೆ ಮನವರಿಕೆಯಾಗಬೇಕು. ತೀರ್ಪಿನ ಕ್ಷಣದವರೆಗೂ ಸಮ್ಮತಿ ಉಳಿದಿರಬೇಕೆಂದು 1991ರಲ್ಲಿಯೇ ಸರ್ವೋಚ್ಚ ನ್ಯಾಯಾಲಯವು ಹೇಳಿದೆ. ಆದ್ದರಿಂದ ನಡುವೆ ಮನಸ್ಸು ಬದಲಿಸಿದ ಹೆಣ್ಣುಮಗಳನ್ನು ಮಾತಿಗೆ ತಪ್ಪಿದಳೆಂದು ಬಸದಿಯ ಕಟ್ಟೆಯ ಮೇಲೆ ಆಡಿಕೊಳ್ಳುವುದು ಸಲ್ಲ. ಒತ್ತಾಯಿಸಿದವರಿಗೆ ಕಾರಿತದ ದೋಷ, ತಲೆದೂಗಿದ ವಿಶ್ವಸ್ತರಿಗೆ ಅನುಮೋದನೆಯ ದೋಷ.

ಹಿರಿಯರು ಮಾಡಬಹುದಾದ ಕೆಲಸ ಬೇರೆಯೇ ಇದೆ. ಅರ್ಜಿಗೆ ಮೊದಲೇ ಒಡವೆಗಳನ್ನು ತರಿಸಿ, ಇಬ್ಬರ ಎದುರಿಗೆ ತೂಗಿಸಿ, ಒಂದೊಂದರ ಹೆಸರಿನ ಮುಂದೆ ತೂಕ ಬರೆಸಿ ಒಪ್ಪಿಸಲಿ. ‘ಬಂಗಾರವೆಲ್ಲ ಮುಟ್ಟಿತು’ ಎಂಬ ಒಂದೇ ಸಾಲಿನ ರಶೀದಿಯಿಂದಲೇ ಎಷ್ಟೋ ಹೊಸ ದಾವೆಗಳು ಆರಂಭವಾಗುತ್ತವೆ.