ಹೊಣೆ ನಿಂತವರು

ಶಹಾಪುರದಲ್ಲಿ ಬಸ್ಸು ಹತ್ತಿದಾಗ ಬಿಸಿಲು ಆಗಲೇ ಏರಿದೆ. ಕಿಟಕಿ ಪಕ್ಕ ಜಾಗ ಸಿಕ್ಕಿತೆಂದರೆ ಅದೃಷ್ಟ. ಮಲಗಿದ ಬುದ್ಧನಂತೆ ಕಾಣುವ ಗುಡ್ಡ ಸ್ವಲ್ಪ ದೂರ ನಿಮ್ಮ ಜೊತೆಗೇ ಬರುತ್ತದೆ. ಅದು ಮರೆಯಾಗಿ ಹತ್ತಿ ಹೊಲ, ತೊಗರಿ ಹೊಲ, ಕಾಲುವೆ ನೀರು ಕುಡಿದ ಭತ್ತದ ಗದ್ದೆ.

ಪಕ್ಕದಲ್ಲಿ ಕೂತ ಮುದುಕ ಪ್ಲಾಸ್ಟಿಕ್ ಚೀಲ ಬಿಚ್ಚಿ ಪಾಸ್‌ಬುಕ್ ತೆಗೆಯುತ್ತಾನೆ, ನೋಡುತ್ತಾನೆ, ಮತ್ತೆ ಸುತ್ತಿಡುತ್ತಾನೆ. ಮೂರನೇ ಸಲಕ್ಕೆ ನಾನು ಕೇಳಿಯೇಬಿಟ್ಟೆ.

"ಸಾಲದ ಕಂತು ಕಟ್ಟಾಕ ಹೊಂಟೀನ್ರಿ."

"ನಿಮ್ದಾ?"

"ನಮ್ಮಕ್ಕನ ಮಗಂದು. ಅವ ಬೆಂಗಳೂರಿಗೆ ಹೋಗ್ಯಾನ. ನಾ ಹೊಣಿ ಆಗೀನಲ್ರಿ."

ಹೊಣಿ. ಈ ಮಾತಿಗೆ ಹಳಗನ್ನಡದಲ್ಲಿ 'ಪೊಣೆ' ಎಂಬ ರೂಪ, ಅರ್ಥ ಜಾಮೀನು. 'ನೈತಿಕ ಹೊಣೆ ಹೊತ್ತು ರಾಜೀನಾಮೆ' ಎಂದು ಪತ್ರಿಕೆಯಲ್ಲಿ ಓದುವಾಗ ನಮಗೆ ಇದು ನೆನಪಾಗುವುದಿಲ್ಲ. ಅರಿಸ್ಟಾಟಲ್ ಕೇಳುವ ಪ್ರಶ್ನೆ ಬೇರೆ ಜಾತಿಯದು: ಮಾಡಿದವನು ತಿಳಿದು ಮಾಡಿದನೇ, ತನ್ನ ಇಚ್ಛೆಯಿಂದ ಮಾಡಿದನೇ? ಆ ಲೆಕ್ಕದಲ್ಲಿ ಈ ಮುದುಕನ ಮೇಲೆ ಯಾವ ಬಾಕಿಯೂ ಇಲ್ಲ. ಆದರೂ ಅವನು ಬಸ್ಸಿನಲ್ಲಿದ್ದಾನೆ.

ಸುರಪುರ ಬಂತು. ಸುತ್ತ ಬಂಡೆಗುಡ್ಡ, ನಡುವೆ ಊರು. 1705ರಲ್ಲಿ ಔರಂಗಜೇಬನ ಕೊನೆಯ ದೊಡ್ಡ ಮುತ್ತಿಗೆ ನಡೆದ ವಾಗಣಗೇರಿ ಇಲ್ಲಿಗೆ ಹತ್ತಿರವೇ; ಅಷ್ಟು ಮುದಿ ಬಾದಶಹ ಖುದ್ದಾಗಿ ಬರಬೇಕಾಯಿತೆಂದರೆ ಬೇಡರ ನಾಯಕರು ಎಂಥವರೆಂದು ಬೇರೆ ಹೇಳಬೇಕಿಲ್ಲ. ಅವರ ಪೈಕಿ ಕೊನೆಯ ದೊರೆಯ ಕಥೆಗಾಗಿ ನಾನು ಬಂದದ್ದು. ಗುಡ್ಡದ ಮೇಲಿನ ಟೇಲರ್ ಮಂಜಿಲ್‌ಗೆ ಏರುತ್ತೇನೆ. ಏರು ತೀರಾ ಕಡಿದಲ್ಲ, ಆದರೆ ಬಿಸಿಲಿಗೆ ಏದುಸಿರು ಬರುತ್ತದೆ. ಮೇಲೆ ನಿಂತು ತಿರುಗಿದರೆ ಊರು ಅಂಗೈಯಲ್ಲಿ ಇಟ್ಟ ಹಾಗೆ. ಇಲ್ಲಿ ಬಂಗಲೆ ಕಟ್ಟಿದವನು ಬರೀ ಗಾಳಿಗಾಗಿ ಜಾಗ ಆರಿಸಿದನೆಂದು ನನಗೆ ಅನ್ನಿಸುವುದಿಲ್ಲ.

ಫಿಲಿಪ್ ಮೆಡೋಸ್ ಟೇಲರ್ ಸುರಪುರಕ್ಕೆ ಬಂದದ್ದು 1841ರಲ್ಲಿ. ರಾಜಕುಮಾರ ವೆಂಕಟಪ್ಪ ನಾಯಕ ಇನ್ನೂ ಹುಡುಗ. ತಾಯಿ ರಾಣಿ ಈಶ್ವರಮ್ಮನಿಗೂ ಈ ಬಿಳಿಯ ಅಧಿಕಾರಿಗೂ ಆಗಿಬರಲಿಲ್ಲ. ಹುಡುಗನಿಗೆ ಮಾತ್ರ ಅವನು 'ಅಪ್ಪಾ'. ಟೇಲರ್ ಓದು ಕಲಿಸಿದ, ರಾಜ್ಯದ ಲೆಕ್ಕ ನೇರ ಮಾಡಿದ, ಬೋನಾಳದ ಕೆರೆ ಸರಿಪಡಿಸಿದ, ಬಿಡುವಾದಾಗ ರಾಜನಕೋಳೂರಿನ ಕಲ್ಲುಗೋರಿಗಳನ್ನು ಅಳೆದ. 1853ರಲ್ಲಿ ಪ್ರಾಯಕ್ಕೆ ಬಂದ ದೊರೆಯ ಕೈಗೆ ರಾಜ್ಯ ಒಪ್ಪಿಸಿ ನಳದುರ್ಗಕ್ಕೆ ಹೊರಟುಹೋದ.

ಐದು ವರ್ಷ ಕಳೆದು ದೊರೆ ಕಂಪನಿಗೆ ಎದುರು ನಿಂತ. 1858ರ ಫೆಬ್ರವರಿ. ಊರ ಹೊರಗೆ ಬೀಡುಬಿಟ್ಟ ಕಂಪನಿ ಸೈನ್ಯದ ಮೇಲೆ ರಾತ್ರಿ ಬೇಡರು ಎರಗಿದರು. ಮರುದಿನದ ಕಾಳಗದಲ್ಲಿ ಕ್ಯಾಪ್ಟನ್ ನ್ಯೂಬೆರಿ ಸತ್ತ. ಹೊಸ ದಂಡು ಬರುತ್ತಿದೆಯೆಂದು ತಿಳಿದ ದೊರೆ ಕೆಲವೇ ಕುದುರೆಗಳೊಡನೆ ಹೈದರಾಬಾದಿಗೆ ಹೋದ. ಅಲ್ಲಿ ನಿಜಾಮನ ದಿವಾನ ಸಾಲಾರ್ ಜಂಗ್ ಅವನನ್ನು ಬ್ರಿಟಿಷ್ ರೆಸಿಡೆಂಟನಿಗೆ ಒಪ್ಪಿಸಿದ.

ಈಗ ಬಿಸಿಲು ಬಿಟ್ಟು ಸೆರೆಮನೆಯೊಳಗೆ ಬನ್ನಿ. ಬಾಗಿಲು ತೆರೆಯುತ್ತದೆ, ಟೇಲರ್ ಒಳಗೆ ಬರುತ್ತಾನೆ. ಇಪ್ಪತ್ನಾಲ್ಕರ ಆಸುಪಾಸಿನ ಕೈದಿ ಮತ್ತೆ 'ಅಪ್ಪಾ' ಅನ್ನುತ್ತಾನೆ. ರೆಸಿಡೆಂಟ್ ಹೇಳಿ ಕಳಿಸಿದ ಮಾತು ಟೇಲರನ ಬಾಯಲ್ಲಿದೆ: ನಿನ್ನನ್ನು ಎತ್ತಿಕಟ್ಟಿದವರು ಯಾರೆಂದು ಹೇಳು, ಶಿಕ್ಷೆ ಕಮ್ಮಿಯಾದೀತು. ಹುಡುಗ ಒಪ್ಪುವುದಿಲ್ಲ. ಜೀವ ಉಳಿಸಿಕೊಳ್ಳಲು ನನ್ನವರ ಹೆಸರು ಕೊಡಲಾರೆ. ಕೊಲ್ಲುವುದಾದರೆ ಕಳ್ಳನ ಹಾಗೆ ನೇಣಿಗೆ ಹಾಕಬೇಡಿ, ತೋಪಿನ ಬಾಯಿಗೆ ಕಟ್ಟಿ. ಸೆರೆಯಾಗಲಿ ಕರಿನೀರಾಗಲಿ ತನಗೆ ಬೇಡ. ಈ ಅರ್ಥದ ಮಾತು. ಇದನ್ನು ನಮಗೆ ತಲುಪಿಸಿದವನೂ ಟೇಲರನೇ, 1877ರಲ್ಲಿ, ತಾನು ಸತ್ತ ಮರುವರ್ಷ ಅಚ್ಚಾದ ಆತ್ಮಕಥೆಯಲ್ಲಿ. ತನಗೆ ಎದುರು ನಿಂತವನ ಘನತೆಯನ್ನು ಮುಚ್ಚಿಡಲಿಲ್ಲ ಎಂಬುದು ಅವನ ದೊಡ್ಡತನ.

ಆದರೆ ಅದೇ ಪುಸ್ತಕದಲ್ಲಿ ತಪ್ಪನ್ನು ಹಂಚುವ ರೀತಿ ನೋಡಿ: ತಾಯಿಗಿಷ್ಟು, ಕೆಟ್ಟ ಗೆಳೆಯರಿಗಿಷ್ಟು, ಹೊರಗಿಂದ ಬಂದ ಕಿವಿಯೂದುವವರಿಗಿಷ್ಟು, ಹುಡುಗನ ಚಪಲಕ್ಕಿಷ್ಟು. ಸಾಕಿದವನ ಪಾಲಿಗೆ ಹೆಚ್ಚೇನೂ ಉಳಿಯುವುದಿಲ್ಲ. ಹನ್ನೆರಡು ವರ್ಷ ಒಬ್ಬ ಹುಡುಗನಿಗೆ ಅಪ್ಪನಾಗಿ, ಅದೇ ಹೊತ್ತಿಗೆ ಅವನ ರಾಜ್ಯಕ್ಕೆ ಮೇಲಧಿಕಾರಿಯೂ ಆಗಿದ್ದವನು ಎಂಥವನನ್ನು ಬೆಳೆಸಿದ? ತನ್ನ ಮನೆಯಲ್ಲೇ ಇನ್ನೊಬ್ಬರ ಅಪ್ಪಣೆಗೆ ಕಾಯುವ ದೊರೆಯನ್ನು. ಆ ಅಪ್ಪಣೆ ಮುರಿದರೆ ಮುರಿದವನೊಬ್ಬನನ್ನೇ ಕಟಕಟೆಗೆ ಹತ್ತಿಸುವುದು ನನಗೆ ಒಪ್ಪಿತವಲ್ಲ. ವೆಂಕಟಪ್ಪ ಮಾತ್ರ, ಹಂಚಿಕೊಳ್ಳಲು ಬಾಗಿಲು ತೆರೆದಿದ್ದರೂ, ಹಂಚಲಿಲ್ಲ. ತನ್ನವರಿಗೆ ಹೊಣೆ ನಿಂತ.

ಅವನಿಗೆ ವಿಧಿಸಿದ ಮರಣದಂಡನೆ ಜೀವಾವಧಿ ಗಡಿಪಾರಾಯಿತು, ಅದನ್ನು ಗವರ್ನರ್ ಜನರಲ್ ನಾಲ್ಕು ವರ್ಷದ ಸೆರೆಗೆ ಇಳಿಸಿದ. ಇಷ್ಟರಲ್ಲಿ ಟೇಲರ್ ಮತ್ತೆ ಸುರಪುರದ ಆಡಳಿತಕ್ಕೆ ಬಂದಿದ್ದ. ಅವನಿಗೊಂದು ಹಳೆಯ ಗುಟ್ಟು ಗೊತ್ತಿತ್ತು: ಇಪ್ಪತ್ನಾಲ್ಕನೇ ವರ್ಷ ದಾಟುವುದಿಲ್ಲ ಎಂದು ದೊರೆಯ ಜಾತಕ ಹೇಳಿತ್ತು. ಶಿಕ್ಷೆ ಇಳಿದ ಸುದ್ದಿ ತಿಳಿದಾಗ, ನಿಮ್ಮ ಜಾತಕ ಸುಳ್ಳಾಯಿತಲ್ಲ ಎಂದು ಶಾಸ್ತ್ರಿಗೆ ಹೇಳಿದ. ಶಾಸ್ತ್ರಿ ಜಗ್ಗಲಿಲ್ಲ. ಬಂದ ಮುಂದಿನ ಸುದ್ದಿ: ಚೆಂಗಲ್ಪಟ್ಟಿನ ಕೋಟೆಗೆ ಒಯ್ಯುವ ದಾರಿಯಲ್ಲಿ, ಕಾವಲು ಅಧಿಕಾರಿಯ ಪಿಸ್ತೂಲಿನಿಂದ ದೊರೆ ಗುಂಡು ಹಾರಿಸಿಕೊಂಡಿದ್ದಾನೆ.

ಹಣೆಬರಹ ಎಂದುಬಿಟ್ಟರೆ ಎಲ್ಲರಿಗೂ ಹಗುರ. ಬ್ರಿಟಿಷರಿಗೆ, ಟೇಲರನಿಗೆ, ಪಿಸ್ತೂಲನ್ನು ಕೈಗೆಟಕುವಲ್ಲಿ ಇಟ್ಟವನಿಗೆ. ನಿಷ್ಠೆಗೆ ಇನಾಮೆಂದು ಸುರಪುರ ನಿಜಾಮನ ಪಾಲಾಯಿತು. ಅದು ಯಾವ ಜಾತಕದಲ್ಲೂ ಇರಲಿಲ್ಲ.

ಸಂಜೆ ಬಸ್ ನಿಲ್ದಾಣದಲ್ಲಿ ಅದೇ ಮುದುಕ, ಬೆಂಚಿನ ಮೇಲೆ ಮಿರ್ಚಿಭಜಿ ತಿನ್ನುತ್ತಿದ್ದಾನೆ. ಕಟ್ಟಿದ್ರೇನ್ರಿ ಅಂದೆ. ಎಣ್ಣೆಗೈ ಪಂಚೆಗೆ ಒರೆಸಿಕೊಂಡು ರಸೀದಿ ತೋರಿಸಿದ. ಇನ್ನೂ ಎಂಟು ಕಂತು.

"ಅಳಿಯಗ ಗೊತ್ತದೇನ್ರಿ?"

"ಫೋನ್ ಹಚ್ಚಿಲ್ರಿ," ಅಂದ. "ಮನ್ಯಾಗ ಹೇಳಬ್ಯಾಡ್ರಿ ಮತ್ತ. ಅವ್ವ ಅವನ ಮ್ಯಾಲ ಸಿಟ್ಟಾಗ್ತಾಳ."

ನನಗೆ ಅವನ ಮನೆ ಎಲ್ಲಿದೆಯೆಂದೇ ಗೊತ್ತಿಲ್ಲ. ಹೇಳೋದಿಲ್ರಿ ಅಂದೆ. ಶಹಾಪುರದ ಬಸ್ಸು ಬಂತು, ಅವನು ಟವೆಲ್ ಎಸೆದು ಇಬ್ಬರಿಗೂ ಸೀಟು ಹಿಡಿದ.