ಶರ್ಟಿನ ಬಾಡಿಗೆ

1974ರಲ್ಲಿ ಬೆಂಗಳೂರಿನ ಚಾಮರಾಜಪೇಟೆಯ ವಠಾರವೊಂದರಲ್ಲಿ ನಾವು ನಾಲ್ವರು ಬ್ರಹ್ಮಚಾರಿಗಳು ಒಂದೇ ಕೋಣೆಯಲ್ಲಿದ್ದೆವು. ಬಾಡಿಗೆ 60 ರೂಪಾಯಿ, ತಲೆಗೆ 15. ಹಾಸಿಗೆ ಹಾಸಿದರೆ ಬಾಗಿಲು ತೆರೆಯುತ್ತಿರಲಿಲ್ಲ. ನೆಂಟರು ಬಂದರೆ ಸಾರಿಗೆ ಒಂದು ಚೊಂಬು ನೀರು ಹೆಚ್ಚುತ್ತಿತ್ತು. ಸೀಮೆಎಣ್ಣೆ ಸ್ಟೌವಿನ ಹೊಗೆಗೆ ಕ್ಯಾಲೆಂಡರಿನ ಲಕ್ಷ್ಮಿ ಆರೇ ತಿಂಗಳಲ್ಲಿ ಕಾಳಿಯಾಗಿದ್ದಳು!

ಮೂವರಿಗೆ ಕೆಲಸವಿತ್ತು. ಹಾಸನದ ಕಡೆಯ ಗೆಳೆಯನಿಗೆ ಇರಲಿಲ್ಲ. ಅಡುಗೆ ಅವನದೇ ಆದ್ದರಿಂದ ಊಟದ ಕಾಸು ಕೇಳುತ್ತಿರಲಿಲ್ಲ. ಆದರೆ ಕೋಣೆಯ ಬಾಡಿಗೆ? ಒಂದು ದಿನ ಅವನು ಟ್ರಂಕು ಕಟ್ಟಿದ. “ಪುಕ್ಕಟೆ ಇರಲಾರೆ ಕಣ್ರೋ, ಊರಿಗೆ ಹೋಗ್ತೀನಿ.”

ಅವನ ಬಳಿ ಒಂದು ಬಿಳಿ ಟೆರಿಲಿನ್ ಶರ್ಟಿತ್ತು. ಆಗ ಟೆರಿಲಿನ್ ಎಂದರೆ ದೊಡ್ಡಸ್ತಿಕೆ. ರಾತ್ರಿ ಒಗೆದರೆ ಬೆಳಿಗ್ಗೆಗೆ ಒಣಗುತ್ತಿತ್ತು, ಇಸ್ತ್ರಿಯೂ ಬೇಡ. ಬಿ.ಕಾಂ. ಓದಿದ್ದ ನಾನು ಲೆಕ್ಕದ ಪುಸ್ತಕದಲ್ಲಿ ಬರೆದೆ: “ಈ ಶರ್ಟು ತೊಟ್ಟವರು ದಿನಕ್ಕೆ 1 ರೂಪಾಯಿ ಕೊಡಬೇಕು. ಅದು ಮಾಲೀಕನ ಬಾಡಿಗೆಗೆ ಜಮಾ.”

ಟ್ರಂಕು ಮತ್ತೆ ಮೂಲೆ ಸೇರಿತು. ಅಂದಿನಿಂದ ಶರ್ಟಿಗೆ ಬಿಡುವಿಲ್ಲ. ಆರಡಿಯವನು ತೊಟ್ಟರೆ ತೋಳು ಮೊಣಕೈ ದಾಟುತ್ತಿರಲಿಲ್ಲ. ನಾನು ತೊಟ್ಟರೆ ಮಂಡಿ ಮುಟ್ಟುತ್ತಿತ್ತು. “ನಿಮಗೆ ಬೇರೆ ಅಂಗಿ ಇಲ್ವೇನ್ರಪ್ಪಾ?” ಎಂದು ವಠಾರದ ಅಜ್ಜಿ ಕೇಳಿದರೆ, “ಇದು ಅದೃಷ್ಟದ ಅಂಗಿ ಅಜ್ಜೀ” ಎನ್ನುತ್ತಿದ್ದೆವು.

ಎಂಟು ತಿಂಗಳಾದ ಮೇಲೆ ಅವನಿಗೆ ಕೆಲಸ ಸಿಕ್ಕಿತು. ಮೊದಲ ಸಂಬಳ ಹಿಡಿದು ಬಂದು, “ನನ್ನ ಬಾಕಿ ಎಷ್ಟೋ?” ಎಂದ. ಪುಸ್ತಕ ತೆರೆದೆ. ಬಾಡಿಗೆ 120 ರೂಪಾಯಿ. ಶರ್ಟಿನ ಜಮಾ 122. ನಾವೇ ಅವನಿಗೆ 2 ರೂಪಾಯಿ ಕೊಡಬೇಕಿತ್ತು!

ಕೊಟ್ಟೆವು. ಅವನು ಕಣ್ಣೊರೆಸಿಕೊಂಡು, ಅದೇ ದುಡ್ಡಿನಲ್ಲಿ ನಮಗೆಲ್ಲ ಕಾಫಿ ಕುಡಿಸಿದ.