ಗೇಟಿನ ಹತ್ತಿರ ನಿಂತವನ ಡೈಲಾಗು

"ನಾವು ಹಿಂಗ ಮಾತಾಡ್ತೀವೇನಪಾ?" ಅಂತ ಕಾಕಾ ಕೇಳಿದ.

ಸುರಪುರದಿಂದ ಫೋನು. ಆಗಷ್ಟೇ ಎಪಿಸೋಡು ಮುಗಿದಿತ್ತು. ಅವ್ವ ಶಹಾಪುರದಲ್ಲಿ, ಅಕ್ಕ ಯಾದಗಿರಿಯಲ್ಲಿ, ಕಾಕಾ ಸುರಪುರದಲ್ಲಿ, ಎಲ್ಲರೂ ಊಟ ಮುಗಿಸಿ ಟಿವಿ ಮುಂದೆ ಕೂತಿದ್ದರು. ಕೊನೆಗೆ ಓಡುವ ಹೆಸರುಗಳಲ್ಲಿ 'ಸಂಭಾಷಣೆ ಸಹಾಯ' ಅಂತ ನನ್ನ ಹೆಸರು ಎರಡು ಸೆಕೆಂಡು ಬಂದು ಹೋಗಿತ್ತು. ಅವ್ವ ಅದರ ಫೋಟೋ ಹೊಡೆಯೋಕೆ ಹೋಗಿ ಅಗರಬತ್ತಿ ಜಾಹೀರಾತಿನ ಫೋಟೋ ಹೊಡೆದಿದ್ದಳು. ಎಲ್ಲರೂ ಖುಷಿಯಲ್ಲಿದ್ದರು. ಕಾಕಾ ಮಾತ್ರ ಅದೊಂದು ಪ್ರಶ್ನೆ ಕೇಳಿ, ನಾನು ಏನೂ ಹೇಳದಿದ್ದಾಗ, "ಇರ್ಲಿ ಬಿಡು, ಊಟ ಆತೇನು?" ಅಂದ.

ಕಾಕಾಗೆ ಸುರಪುರದಲ್ಲಿ ಜೆರಾಕ್ಸ್ ಅಂಗಡಿ. ತಹಸೀಲ್ ಆಫೀಸಿಗೆ ಬರುವ ಮಂದಿಯೆಲ್ಲ ಒಮ್ಮೆ ಅವನ ಮುಂದೆ ನಿಲ್ಲಲೇಬೇಕು. ಪಹಣಿ, ಜಾತಿ ಪ್ರಮಾಣಪತ್ರ, ಪಿಂಚಣಿ ಅರ್ಜಿ. ನಾನು ಶಾಲೆಯ ರಜೆಗಳನ್ನೆಲ್ಲ ಕಳೆದದ್ದು ಆ ಅಂಗಡಿಯ ಸ್ಟೂಲಿನ ಮೇಲೆ. 2009ರ ಡಿಸೆಂಬರ್ 30ಕ್ಕೆ ಯಾದಗಿರಿ ಗುಲ್ಬರ್ಗದಿಂದ ಬೇರೆಯಾಗಿ ಜಿಲ್ಲೆ ಆಯಿತಲ್ಲ, ಆಗ ಊರೆಲ್ಲ ಹಬ್ಬ. ಕಾಕಾ ಮಾತ್ರ, "ಅರ್ಜಿ ಏನೂ ಬದಲಾಗಿಲ್ಲಪಾ, ಮ್ಯಾಲಿನ ವಿಳಾಸ ಅಷ್ಟ ಬದಲಾಗೇದ" ಅಂದಿದ್ದ. ಇಂಥ ಮಾತು ದಿನಕ್ಕೆ ಹತ್ತು. ನಾನು ಬರೆಯುವವನಾದದ್ದು ಯಾವ ಕೋರ್ಸಿನಿಂದಲೂ ಅಲ್ಲ, ಆ ಸ್ಟೂಲಿನಿಂದ.

ಟಿವಿ ಹಾಸ್ಯದ ಹುಚ್ಚು ಹತ್ತಿಸಿದ್ದು ಮಾತ್ರ ಬೇರೆಯವರು. ಈಟಿವಿ ಕನ್ನಡ ಶುರುವಾದದ್ದು 2000ದ ಡಿಸೆಂಬರ್‌ನಲ್ಲಿ. ಆಮೇಲೆ ಬಂತು 'ಪಾಪ ಪಾಂಡು'. ಹೆಂಡತಿ ಕೈಲಿ ಏಟು ತಿನ್ನುವ ಚಿದಾನಂದ್, ಕೊಡುವ ಶಾಲಿನಿ. ಶಹಾಪುರದಲ್ಲಿ ಕರೆಂಟು ಸರಿಯಾಗಿ ಅದೇ ಹೊತ್ತಿಗೆ ಹೋಗುತ್ತಿತ್ತು. ಮರುದಿನ ಶಾಲೆಯಲ್ಲಿ, ಕರೆಂಟು ಇದ್ದ ಓಣಿಯ ಹುಡುಗರು ಇಲ್ಲದ ಓಣಿಯ ನಮಗೆ ಪೂರ್ತಿ ಎಪಿಸೋಡು ನಟಿಸಿ ತೋರಿಸುತ್ತಿದ್ದರು. ಆಮೇಲೆ 'ಸಿಲ್ಲಿ ಲಲ್ಲಿ'. ರವಿಶಂಕರ್ ಮಾಡಿದ ಡಾಕ್ಟರ್ ವಿಠಲ್ ರಾವ್, ಮಂಜುಭಾಷಿಣಿಯ ಸಮಾಜಸೇವಕಿ ಲಲಿತಾಂಬ. ನಮ್ಮ ಅವ್ವ ಇವತ್ತಿಗೂ ಯಾರಾದರೂ ಅತಿಯಾಗಿ ಪರೋಪಕಾರ ಮಾಡಿದರೆ "ಲಲಿತಾಂಬ ಬಂದ್ಲು ನೋಡು" ಅಂತಾಳೆ.

ಇವೆರಡರ ಹಿಂದೆಯೂ ಇದ್ದವರು ಸಿಹಿಕಹಿ ಚಂದ್ರು. ನಾನು ತುಂಬ ದಿನ ಅವರನ್ನು ಬರೀ ಸಿನಿಮಾದ ಕಾಮಿಡಿ ನಟ ಅಂತಲೇ ತಿಳಿದಿದ್ದೆ. ಎಂಬತ್ತರ ದಶಕದಲ್ಲಿ ದೂರದರ್ಶನದಲ್ಲಿ 'ಸಿಹಿ ಕಹಿ' ಅನ್ನುವ ಧಾರಾವಾಹಿ ಬಂತು. ಅದರಲ್ಲಿ ನಟಿಸಿದ ಚಂದ್ರು, ಗೀತಾ ಇಬ್ಬರಿಗೂ ಅದೇ ಹೆಸರು ಅಂಟಿಕೊಂಡಿತು, ಅವರಿಬ್ಬರಿಗೂ ಮದುವೆಯೂ ಆಯಿತು. ಒಂದು ಸೀರಿಯಲ್ಲು ಒಬ್ಬ ಮನುಷ್ಯನಿಗೆ ಮನೆತನದ ಹೆಸರು ಕೊಟ್ಟಿದ್ದು ಬೇರೆ ಎಲ್ಲಾದರೂ ಉಂಟಾ? ಮುಂದೆ ಅವರು ಕ್ಯಾಮೆರಾ ಮುಂದಿನಿಂದ ಹಿಂದಕ್ಕೆ ಬಂದು ನಿರ್ಮಾಣಕ್ಕೆ ಇಳಿದರು. 'ಪಾಪ ಪಾಂಡು', 'ಸಿಲ್ಲಿ ಲಲ್ಲಿ', 'ಪಾರ್ವತಿ ಪರಮೇಶ್ವರ' ಅಂತ ಒಂದಾದ ಮೇಲೊಂದು. 'ಸಿಲ್ಲಿ ಲಲ್ಲಿ' ನಿರ್ದೇಶಿಸಿದ ವಿಜಯಪ್ರಸಾದ್ ಮುಂದೆ 'ಸಿದ್ಲಿಂಗು', 'ನೀರ್‌ದೋಸೆ' ಮಾಡಿ ಸಿನಿಮಾ ಕಡೆ ಹೋದರು. ಚಂದ್ರು ಟಿವಿಯಲ್ಲೇ ಉಳಿದರು. 2018ರಲ್ಲಿ 'ಪಾಪ ಪಾಂಡು'ವನ್ನು ಕಲರ್ಸ್ ಸೂಪರ್‌ನಲ್ಲಿ ಮತ್ತೆ ತಂದರು. ಈಗ 'ಬೊಂಬಾಟ್ ಭೋಜನ'ದಲ್ಲಿ ಒಗ್ಗರಣೆ ಹಾಕ್ತಾ ಜೋಕು ಹೊಡೀತಾರೆ. ನಗಿಸಿಯೇ ಹೊಟ್ಟೆ ತುಂಬಿಸಿಕೊಳ್ಳುವುದು ಈ ರಾಜ್ಯದಲ್ಲಿ ಸಾಧ್ಯ ಅಂತ ನನಗೆ ಗೊತ್ತಾದದ್ದು ಅವರನ್ನು ನೋಡಿ.

ಅದೆಷ್ಟು ಕಷ್ಟ ಅಂತ ಗೊತ್ತಾದದ್ದು ಬೆಂಗಳೂರಿಗೆ ಬಂದ ಮೇಲೆ.

ಹಗಲು ಸಾಫ್ಟ್‌ವೇರ್ ಟೆಸ್ಟಿಂಗ್, ರಾತ್ರಿ ಸೀರಿಯಲ್ಲು. ಗೆಳೆಯನೊಬ್ಬನ ಮೂಲಕ ಒಂದು ಕಾಮಿಡಿ ಧಾರಾವಾಹಿಯ ಬರಹಗಾರರ ತಂಡ ಸೇರಿಕೊಂಡೆ. ಹೆಸರು ಬೇಡ. ತಂಡ ಅಂದರೆ ಮೂರು ಜನ, ಒಂದು ಪ್ಲಾಸ್ಟಿಕ್ ಟೇಬಲ್ಲು. ಅರ್ಧ ಗಂಟೆಯ ಸ್ಲಾಟಿನಲ್ಲಿ ಜಾಹೀರಾತು ಕಳೆದು ಉಳಿಯುವುದು ಇಪ್ಪತ್ತೆರಡು ನಿಮಿಷ ಅಂತಿಟ್ಟುಕೊಳ್ಳಿ. ಮೊದಲು 'ಒನ್‌ಲೈನ್' ಓಕೆ ಆಗಬೇಕು, ಆಮೇಲೆ ಸೀನ್ ಆರ್ಡರ್, ಆಮೇಲೆ ಡೈಲಾಗು. ಬೆಳಿಗ್ಗೆ ಕಲಾವಿದರು ಮೇಕಪ್ಪಿಗೆ ಕೂತಾಗಲೂ ನಾವು ಕೊನೆಯ ಸೀನು ಬರೀತಾ ಇರ್ತಿದ್ದೆವು. ಚಾನೆಲ್ಲು ನಿರ್ಮಾಪಕರಿಗೆ ದುಡ್ಡು ಕೊಡುವುದು ಎಪಿಸೋಡಿನ ಲೆಕ್ಕದಲ್ಲಿ. ಅದರೊಳಗೆ ಸೆಟ್ಟು, ಲೈಟು, ಊಟ, ಗಾಡಿ, ಸಂಬಳ ಎಲ್ಲ. ಅದಕ್ಕೇ ಸಿಟ್‌ಕಾಮಿನ ಜಗತ್ತು ಒಂದೇ ಹಾಲ್‌ನಲ್ಲಿರುತ್ತೆ: ಒಂದು ಸೋಫಾ, ಹಿಂದೆ ಒಂದು ಮೆಟ್ಟಿಲು, ಪಕ್ಕದ ಮನೆಯವರು ಒಳಗೆ ಬರೋಕೆ ಒಂದು ಬಾಗಿಲು. ಕಥೆ ರಸ್ತೆಗೆ ಹೋದರೆ ನಿರ್ಮಾಪಕರ ಮುಖ ಬಾಡುತ್ತೆ. "ಮದುವೆ ಮನೆಗೆ ಹೋದರು ಅಂತ ಬರೀಬೇಡ, ಮದುವೆ ಮನೆಯಿಂದ ಬಂದರು ಅಂತ ಬರಿ" ಅನ್ನುವುದು ನಾನು ಅಲ್ಲಿ ಕಲಿತ ಮೊದಲ ಪಾಠ.

ಅತ್ತೆ-ಸೊಸೆ ಕಥೆಗೆ ಇರುವ ಒಂದು ಅನುಕೂಲ ಹಾಸ್ಯಕ್ಕಿಲ್ಲ. ಅಲ್ಲಿ ಹಾಲಿಗೆ ವಿಷ ಬಿತ್ತು ಅಂತ ಎಪಿಸೋಡು ನಿಲ್ಲಿಸಬಹುದು, ನಾಳೆ ಜನ ಬಂದೇ ಬರ್ತಾರೆ. ಇಲ್ಲಿ ಪ್ರತಿ ರಾತ್ರಿ ಎಲ್ಲ ಮುಗಿದು, ಮರುದಿನ ಸೊನ್ನೆಯಿಂದ ಶುರು. ಗುರುವಾರ ಟಿಆರ್‌ಪಿ ಬರುತ್ತೆ. ಆ ದಿನ ಸೆಟ್ಟಿನಲ್ಲಿ ಯಾರೂ ಜೋಕು ಹೇಳ್ತಿರಲಿಲ್ಲ.

ಒಂದು ಗುರುವಾರ ಅಂಕಿ ಇಳಿದಿತ್ತು. "ಹೊಸ ಪಾತ್ರ ಬೇಕು" ಅಂದರು. ಅಪಾರ್ಟ್‌ಮೆಂಟಿಗೆ ಒಬ್ಬ ವಾಚ್‌ಮನ್. "ಉತ್ತರ ಕರ್ನಾಟಕದವನು ಇರಲಿ, ಮಜಾ ಬರುತ್ತೆ. ನೀವು ಹುಬ್ಬಳ್ಳಿ ಕಡೆಯವರಲ್ವಾ? ನೀವೇ ಬರೀರಿ." ಶಹಾಪುರದಿಂದ ಹುಬ್ಬಳ್ಳಿ ಎಷ್ಟು ದೂರ ಅಂತ ನಾನು ಹೇಳಲಿಲ್ಲ. ನಮ್ಮ ಕಡೆ ಕನ್ನಡದೊಳಗೆ ಉರ್ದು ಎಷ್ಟು ಕೂತಿದೆ, ಧಾರವಾಡದ ಮಾತಿಗೂ ನಮ್ಮದಕ್ಕೂ ಎಷ್ಟು ಫರಕು ಅಂತಲೂ ಹೇಳಲಿಲ್ಲ. ಬರೆಯೋಕೆ ಒಂದು ಪೂರ್ತಿ ಪಾತ್ರ ಸಿಕ್ಕಿತ್ತು, ಎಪಿಸೋಡಿಗೆ ಇಷ್ಟು ಅಂತ ದುಡ್ಡೂ ಮಾತಾಗಿತ್ತು. (ಕೊನೆಯ ಹದಿನೈದು ಎಪಿಸೋಡಿನದು ಇನ್ನೂ ಬಂದಿಲ್ಲ, ಅದು ಬೇರೆ ಕಥೆ.)

ಪಾತ್ರಕ್ಕೆ ಕಾಕಾನ ಮಾತುಗಳನ್ನೇ ಕೊಟ್ಟೆ.

ಒಂದು ಉದಾಹರಣೆ ಹೇಳ್ತೀನಿ. ಪಿಂಚಣಿಗೆ ಜೀವಂತ ಪ್ರಮಾಣಪತ್ರ ಕೊಡಬೇಕು ಅಂತ ಒಬ್ಬ ಮುದುಕ ಮೂರನೇ ಸಲ ಅಂಗಡಿಗೆ ಬಂದಿದ್ದ. ಒಳಗಿದ್ದ ಸಾಹೇಬರು ಒಂದೊಂದು ಸಲವೂ ಒಂದೊಂದು ಕಾಗದ ಕಮ್ಮಿ ಅಂದು ವಾಪಸ್ ಕಳಿಸಿದ್ದರು. ಕಾಕಾ ಮಷಿನ್ನಿಗೆ ಹಾಳೆ ಹಾಕ್ತಾ ಅಂದ: "ಮುತ್ಯಾ, ನೀ ಬದುಕೀ ಅನ್ನೋದಕ್ಕ ಎರಡು ಜೆರಾಕ್ಸ್ ತಗೋ. ಒಂದು ಸಾಹೇಬ್ರಿಗೆ, ಒಂದು ನಿನಗ. ಮನಿಗಿ ಹೋದಮ್ಯಾಲೆ ಅನುಮಾನ ಬಂದ್ರ ತೆಗೆದು ನೋಡ್ಕೋ." ಮುದುಕ ಬಿದ್ದು ಬಿದ್ದು ನಕ್ಕ. ಸಾಲಿನಲ್ಲಿದ್ದವರೆಲ್ಲ ನಕ್ಕರು. ಕಾಕಾ ದುಡ್ಡು ತಗೊಳ್ಳಲಿಲ್ಲ.

ಅದೇ ಮಾತನ್ನು ನಾನು ವಾಚ್‌ಮನ್ ಬಾಯಿಗೆ ಹಾಕಿದೆ. ಮಾಲೀಕರು ಪಗಾರದ ವೋಚರಿಗೆ ಸಹಿ ಮಾಡು ಅಂತಾರೆ, ಇವನು, "ನಾ ಬದುಕೀನಿ ಅನ್ನೋದಕ್ಕ ಎರಡು ಜೆರಾಕ್ಸ್ ಬೇಕೇನ್ರೀ?" ಅಂತಾನೆ. ನಟ ಒಳ್ಳೆಯವರೇ, ಮೈಸೂರಿನವರು. ನಿರ್ದೇಶಕರು "ಇನ್ನೂ ಸ್ವಲ್ಪ ಖಡಕ್ಕಾಗಿ" ಅಂದಹಾಗೆಲ್ಲ ಅವರು ಒಂದೊಂದು 'ರೀ' ಜಾಸ್ತಿ ಮಾಡಿದರು, ಕೊನೆಗೆ ಕಣ್ಣು ದೊಡ್ಡದು ಮಾಡಿ ತಲೆ ಕೆರೆದುಕೊಂಡರು. ಮಾಲೀಕರು ಹಣೆ ಹಣೆ ಚಚ್ಚಿಕೊಂಡರು. ಎಡಿಟಿಂಗ್‌ನಲ್ಲಿ 'ಟೊಂಯ್' ಅಂತ ಸದ್ದು ಸೇರಿತು. ಅಂಗಡಿಯಲ್ಲಿ ಆ ಮಾತು ಕೇಳಿ ಜನ ಆಫೀಸನ್ನು ನೋಡಿ ನಕ್ಕಿದ್ದರು. ಇಲ್ಲಿ ಜನ ಅಂದವನನ್ನೇ ನೋಡಿ ನಕ್ಕರು. ಒಂದಕ್ಷರ ಬದಲಾಗದಿದ್ದರೂ ಹೀಗಾಗುತ್ತಿತ್ತು ಅನಿಸುತ್ತೆ, ಯಾಕಂದ್ರೆ ಮಾತಾಡುವವನನ್ನು ನಾನೇ ಕೌಂಟರಿನ ಹಿಂದಿನಿಂದ ಎಬ್ಬಿಸಿ ಗೇಟಿನ ಹತ್ತಿರ ನಿಲ್ಲಿಸಿದ್ದೆ. ಮಾನಿಟರ್ ಪಕ್ಕದಲ್ಲಿ ನಿಂತು ಎಲ್ಲ ನೋಡಿದೆ. ಸುಮ್ಮನಿದ್ದೆ. ಆ ವಾರ ಅಂಕಿ ಏರಿತು.

ಕಾಕಾನ ಫೋನು ಬಂದದ್ದು ಆವಾಗ. ಕಾಕಾಗೆ ನಾನು ಏಕವಚನದಲ್ಲೇ ಮಾತಾಡೋದು, ನಮ್ಮ ಕಡೆ ಪ್ರೀತಿ ಇರೋ ಕಡೆ 'ರೀ' ಇರಲ್ಲ. ಸೀರಿಯಲ್ಲಿನ ವಾಚ್‌ಮನ್ ತನ್ನ ಹೆಂಡತಿಗೆ, ಮಗನಿಗೆ, ಒಮ್ಮೆ ಬೀದಿ ನಾಯಿಗೂ 'ರೀ' ಅಂದಿದ್ದ.

ಆಮೇಲೆ ಹಬ್ಬಕ್ಕೆ ಊರಿಗೆ ಹೋದಾಗ ಕಾಕಾ ಆ ವಿಷಯ ಎತ್ತಲಿಲ್ಲ. ಮಿರ್ಚಿ, ಸುಸಲಾ ತರಿಸಿದ. ಮಾತಿನ ನಡುವೆ, ತಾನು ಸಣ್ಣವನಿದ್ದಾಗ ಹಳ್ಳಿ ಶಾಲೆಯಲ್ಲಿ ಟಿವಿ ನೋಡಿದ್ದೆ, ಛಾವಣಿ ಮೇಲೆ ಕೋಳಿ ಜಾಳಿಗೆಯಂಥ ಛತ್ರಿ ಇತ್ತು ಅಂದ. ನಾನು ನಂಬಲಿಲ್ಲ. ಬೆಂಗಳೂರಿನಲ್ಲಿ ದೂರದರ್ಶನ ಶುರುವಾದದ್ದೇ 1981ರಲ್ಲಿ. ವಾಪಸ್ ಬಂದು ಹುಡುಕಿದರೆ ನಿಜ. 1975ರ ಆಗಸ್ಟ್‌ನಿಂದ ಒಂದು ವರ್ಷ, ಅಮೆರಿಕದ ಒಂದು ಉಪಗ್ರಹ ಬಳಸಿ ಇಸ್ರೋ ಮತ್ತು ಆಕಾಶವಾಣಿ ಆರು ರಾಜ್ಯಗಳ ಸುಮಾರು 2400 ಹಳ್ಳಿಗಳಿಗೆ ಟಿವಿ ತೋರಿಸಿದ್ದವು. ಕರ್ನಾಟಕದಲ್ಲಿ ಆಯ್ಕೆಯಾದದ್ದು ಗುಲ್ಬರ್ಗ, ರಾಯಚೂರು, ಬಿಜಾಪುರ. ಬೆಳಿಗ್ಗೆ ಶಾಲೆ ಮಕ್ಕಳಿಗೆ, ಸಂಜೆ ಊರವರಿಗೆ. ಕನ್ನಡದ ಕಾರ್ಯಕ್ರಮ ತಯಾರಾಗ್ತಿದ್ದದ್ದು ಹೈದರಾಬಾದಿನಲ್ಲಿ. ಆಗ ಯಾದಗಿರಿ, ಶಹಾಪುರ, ಸುರಪುರ ಮೂರೂ ಗುಲ್ಬರ್ಗದ ತಾಲೂಕುಗಳು. 1977ರಲ್ಲಿ ಗುಲ್ಬರ್ಗದಲ್ಲಿ ದೂರದರ್ಶನದ ಟ್ರಾನ್ಸ್‌ಮಿಟರೂ ಬಂತು. ಬೆಂಗಳೂರಿನ ಸೋಫಾಗಳಿಗಿಂತ ಮೊದಲು ನಮ್ಮ ಹಳ್ಳಿ ಶಾಲೆಗಳ ನೆಲ ಟಿವಿ ನೋಡಿತ್ತು. ಅಷ್ಟು ವರ್ಷ ಆದ ಮೇಲೆ ಅದೇ ಟಿವಿಯೊಳಗೆ ನಮಗೆ ಸಿಕ್ಕಿದ ಜಾಗ ಗೇಟು. ಬೇರೆ ಯಾರನ್ನೋ ಬೈಯೋಣ ಅಂದರೆ ಆ ಸ್ಕ್ರಿಪ್ಟು ಬರೆದವನು ನಾನೇ.

ಬೇರೆ ಥರ ಆಗಬಹುದಿತ್ತಾ? ಹಿಂದಿಯಲ್ಲಿ 2002ರಲ್ಲಿ 'ಖಿಚಡಿ' ಬಂತು. ಬರೆದವರು ಆತಿಶ್ ಕಪಾಡಿಯಾ, ಜೊತೆಗೆ ನಿಂತ ನಿರ್ಮಾಪಕ ಜೆ.ಡಿ. ಮಜೇಥಿಯಾ. ಅಲ್ಲಿನ ಗುಜರಾತಿ ಹಿಂದಿ ಮನೆ ಕೆಲಸದವರದಲ್ಲ, ಸೋಫಾ ಮೇಲೆ ಕೂತ ಪಾರೇಖ್ ಕುಟುಂಬದ್ದೇ. ಪ್ರಫುಲ್, ಹಂಸಾ ಇಬ್ಬರೂ ಪೆದ್ದರೇ, ಆದರೆ ಮನೆ ಅವರದು. ನಮ್ಮಲ್ಲೇ ಗಂಗಾವತಿ ಪ್ರಾಣೇಶ್ ಒಂದು ಮೈಕು ಹಿಡಿದು ನಮ್ಮ ಕಡೆ ಮಾತಲ್ಲೇ ಮೈಸೂರು, ಬೆಂಗಳೂರಿನ ಸಭಾಂಗಣ ತುಂಬಿಸ್ತಾರೆ. ಅರ್ಥ ಆಗಲಿಲ್ಲ ಅಂತ ಯಾರೂ ಎದ್ದು ಹೋಗಿದ್ದು ನಾನು ನೋಡಿಲ್ಲ.

ಅದಕ್ಕೆ ಒಂದು ಒನ್‌ಲೈನ್ ಬರೆದೆ. ಸುರಪುರ, ಜೆರಾಕ್ಸ್ ಅಂಗಡಿ, ಒಂದೇ ಸೆಟ್ಟು, ಬಾಗಿಲೇ ಇಲ್ಲ, ಯಾರು ಬೇಕಾದರೂ ಬರಬಹುದು. ನಿರ್ಮಾಪಕರಿಗೆ ಖರ್ಚೂ ಕಮ್ಮಿ. ಒಂದು ಚಾನೆಲ್ಲಿಗೆ ಹೋಗಿ ಹೇಳಿದೆ. ಇಪ್ಪತ್ತು ನಿಮಿಷ ಚೆನ್ನಾಗಿ ನಕ್ಕರು. ಆಮೇಲೆ, "ತುಂಬ ಚೆನ್ನಾಗಿದೆ ಸರ್. ಇದನ್ನ ಬೆಂಗಳೂರಿಗೆ ತರೋಕಾಗುತ್ತಾ? ಅಂಗಡಿಯವನು ಮಾತ್ರ ಆ ಕಡೆಯವನು ಇರಲಿ" ಅಂದರು.

ವಾಚ್‌ಮನ್ ಬರೆಯೋದು ಬಿಟ್ಟೆ. ಟೆಸ್ಟಿಂಗ್ ಕೆಲಸ ಇದೆ, ಇಎಂಐ ಇದೆ, ಹಾಗಾಗಿ ಇದನ್ನು ತ್ಯಾಗ ಅಂತ ಯಾರೂ ತಿಳೀಬೇಡಿ. ನನ್ನ ಜಾಗಕ್ಕೆ ಬಂದ ಹುಡುಗ ದಾವಣಗೆರೆಯವನಂತೆ, ಆ ಪಾತ್ರಕ್ಕೆ 'ರೀ' ಇನ್ನೂ ಜಾಸ್ತಿಯಾಗಿದೆ.

ಹೋದ ಭಾನುವಾರ ಕಾಕಾಗೆ ಫೋನು ಮಾಡಿ ವಿಷಯ ಪೂರ್ತಿ ಹೇಳಿದೆ. ಅಂಗಡಿ ಬಗ್ಗೆ ಬರೀತಿದ್ದೀನಿ, ಚಾನೆಲ್ಲು ಸಿಗದಿದ್ದರೆ ಮೊಬೈಲಲ್ಲೇ ಹತ್ತು ಎಪಿಸೋಡು ತೆಗೀತೀನಿ ಅಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದ.

"ಈ ಸಲ ನನ್ನ ಮಾತು ಯಾರ ಬಾಯಾಗ ಹಾಕ್ತೀ?"

"ನಿಂದೇ ಬಾಯಾಗ, ಕಾಕಾ. ನೀನ ಮಾಡಬೇಕು."

"ಹಂಗಾದ್ರ ಮೊದಲನೇ ದಿನ ಕರೆಂಟ್ ಇರಲ್ಲ ಅಂತ ಬರಿ. ಮಷಿನ್ ಚಾಲೂ ಇದ್ರ ಮಂದಿ ಮಾತಾಡಂಗಿಲ್ಲ, ಕೆಲಸ ಮುಗಿಸ್ಕೊಂಡು ಹೋಗ್ತಾರ."

ಬರೆದುಕೊಂಡೆ. ಸೀನ್ ಒಂದು: ಬೆಳಿಗ್ಗೆ, ಜೆರಾಕ್ಸ್ ಅಂಗಡಿ, ಶಟರ್ ಅರ್ಧ ಎತ್ತಿದೆ, ಕರೆಂಟ್ ಇಲ್ಲ.